ಇಗರ್ಜಿಯ ಪರಮ ಪ್ರಸಾದ ನಾವು ಸ್ವೀಕರಿಸಬಹುದೇ?

ಪ್ರಶ್ನೆ: ನೆರೆಮನೆಯ ಕೆಥೊಲಿಕರ ಮದುವೆಗೆ ಇಗರ್ಜಿಗೆ ಹೋಗಲಿಕ್ಕಿದೆ. ಅಲ್ಲಿ ಕೊಡುವ ಪ್ರಸಾದ ತೆಗೆದುಕೊಳ್ಳದಿದ್ದರೆ ದೋಷವೇ?
– ಓರ್ವ ಗೃಹಿಣಿ, ನಂದಿಕೂರು

ಉತ್ತರ: ದೋಷವಿಲ್ಲಮ್ಮ, ತೆಗೆದುಕೊಳ್ಳದಿರುವುದೇ ಸರಿ. ಹೆಸರು ಪರಮ ಪ್ರಸಾದವಾದರೂ ಅದು ನಮ್ಮ ಪಂಚಕಜ್ಜಾಯದಂತೆ ಬಂದವರಿಗೆಲ್ಲ ಹಂಚುವಂಥದ್ದಲ್ಲ. ಬಲಿಪೂಜೆಯಲ್ಲಿ ಗೋಧಿಯ ಆ ತೆಳು ರೊಟ್ಟಿ ಸಾಕ್ಷಾತ್ ಯೇಸುವಿನ ಶರೀರವೇ ಆಗುತ್ತದೆಂದು ಅವರ ನಂಬಿಕೆ. ಇದನ್ನು ಸಂಶಯಿಸಿದ ಸನ್ಯಾಸಿಯೊಬ್ಬನ ಕೈಯಲ್ಲೇ ರೊಟ್ಟಿ ಮಾಂಸವಾಯಿತು, ದ್ರಾಕ್ಷಾರಸ ರಕ್ತವಾಯಿತು ಎಂದು ಇಟಲಿಯ ಲಾಂಚಾನೊದ 8ನೇ ಶತಮಾನದ ಐತಿಹ್ಯ. ಅವನ್ನು ಇಂದಿಗೂ ಅಲ್ಲಿ ಕಾಪಿಟ್ಟಿದ್ದಾರೆ. ಹಾಗಾಗಿ ಜ್ಞಾನಸ್ನಾನ ಪಡೆದು ಸಿದ್ಧರಾದವರಿಗೆ ಮಾತ್ರ ಅದು. ನಮ್ಮಲ್ಲಿ ಉಪದೇಶವಿಲ್ಲದೆ ಸಾಲಿಗ್ರಾಮ ಮುಟ್ಟುತ್ತೇವೆಯೇ? ಕಾರ್ಕಳದ ಅತ್ತೂರಿನಲ್ಲಿ ಎಲ್ಲರೂ ಮೇಣದಬತ್ತಿ ಹಚ್ಚುವುದು ಬೇರೆ, ಇದು ಬೇರೆ. ಅವರು ಸಾಲಾಗಿ ಮುಂದೆ ಹೋಗುವಾಗ ನೀವು ಕುಳಿತಲ್ಲೇ ಮೌನವಾಗಿರಿ. ಅದೇ ಗೌರವ.