ನಿಂಬೆ ಎಲೆಯ ರಂಗೋಲಿ ಹುಳು

ನಿಂಬೆ ಗಿಡದ ಎಳೆ ಎಲೆಯಲ್ಲಿ ಬೆಳ್ಳಗೆ ಹೊಳೆಯುವ ಅಂಕುಡೊಂಕು ಗೆರೆಯನ್ನು ನೀವೆಲ್ಲಾ ನೋಡಿರುತ್ತೀರಿ. ಬಸವನಹುಳು ಹರಿದ ಗುರುತು ಅಂತ ಕೆಲವರು ತಿಳಿಯುತ್ತಾರೆ. ಆದರೆ ಒರೆಸಿದರೆ ಅದು ಹೋಗಲ್ಲ. ಯಾಕೆ ಗೊತ್ತಾ? ಆ ಗೆರೆ ಇರುವುದು ಎಲೆಯ ಹೊರಪೊರೆಯ ಕೆಳಗೆ. ಅದನ್ನು ಕೊರೆಯುವುದು ಒಂದು ಪುಟ್ಟ ಪತಂಗದ ಮರಿ. ಇದನ್ನು ರಂಗೋಲಿ ಹುಳು ಎನ್ನುತ್ತಾರೆ. ವೈಜ್ಞಾನಿಕ ಹೆಸರು ಫಿಲ್ಲೋಕ್ನಿಸ್ಟಿಸ್ ಸಿಟ್ರೆಲ್ಲಾ. ಕಲ್ಕತ್ತೆಯಲ್ಲಿ ಸಿಕ್ಕಿದ ಪತಂಗವನ್ನು ನೋಡಿ 1856ರಲ್ಲಿ ಸ್ಟೇಂಟನ್ ಎಂಬ ವಿಜ್ಞಾನಿ ಈ ಹುಳುವಿನ ವಿವರ ಬರೆದರು. ನಿಂಬೆ, ಕಿತ್ತಳೆ, ನಮ್ಮ ಪಕ್ಕದ ದೇವನಹಳ್ಳಿಯಲ್ಲಿ ಹೆಸರಾದ ಚಕ್ಕೋತ, ಎಲ್ಲದಕ್ಕೂ ಇದು ಬೀಳುತ್ತದೆ.

ಇದರ ಜೀವನಚಕ್ರದಲ್ಲಿ ನಾಲ್ಕು ಹಂತಗಳಿವೆ.

1. ಮೊಟ್ಟೆ: ತಾಯಿ ಪತಂಗ ಚಿಗುರೆಲೆಯ ಮೇಲೆ ಒಂದೊಂದೇ ಮೊಟ್ಟೆ ಇಡುತ್ತದೆ. ಬಲಿತ ಎಲೆ ಅದಕ್ಕೆ ಬೇಡ. 2ರಿಂದ 10 ದಿನದಲ್ಲಿ ಮೊಟ್ಟೆ ಒಡೆಯುತ್ತದೆ.

2. ಹುಳು: ಮರಿ ನೇರವಾಗಿ ಎಲೆಯೊಳಗೆ ನುಗ್ಗಿ, ರಸ ಹೀರುತ್ತಾ ಮುಂದೆ ಹೋಗುತ್ತದೆ. ಮೊದಲು ಗೆರೆ ಸಣ್ಣ, ಹುಳು ಬೆಳೆದಂತೆ ಅಗಲ. ಗೆರೆಯ ನಡುವೆ ಕಾಣುವ ಕಪ್ಪು ದಾರ ಅದರ ಹಿಕ್ಕೆ. ಪೂರ್ತಿ ಬೆಳೆದರೂ ಉದ್ದ ಸುಮಾರು 3 ಮಿಲಿಮೀಟರ್ ಮಾತ್ರ!

3. ಕೋಶ: ಕೊನೆಗೆ ಹುಳು ತಿನ್ನುವುದನ್ನು ಬಿಟ್ಟು ಎಲೆಯ ಅಂಚಿಗೆ ಬಂದು ರೇಷ್ಮೆ ನೂಲುತ್ತದೆ. ನೂಲು ಎಳೆದಾಗ ಅಂಚು ಮಡಚಿಕೊಳ್ಳುತ್ತದೆ. ಆ ಮಡಿಕೆಯೇ ಅದರ ಮನೆ.

4. ಪತಂಗ: ಮಡಿಕೆಯಿಂದ ಬೆಳ್ಳಿ ಬಣ್ಣದ ಪತಂಗ ಹೊರಬರುತ್ತದೆ. ರೆಕ್ಕೆಯ ತುದಿಯಲ್ಲಿ ಕಪ್ಪು ಚುಕ್ಕೆ ಇರುತ್ತದೆ. ರೆಕ್ಕೆ ಬಿಚ್ಚಿದರೂ ಅಗಲ ಸುಮಾರು 4 ಮಿಲಿಮೀಟರ್. ಇದು ಎಲೆ ತಿನ್ನುವುದಿಲ್ಲ.

ಇಡೀ ಚಕ್ರಕ್ಕೆ ಸುಮಾರು 13ರಿಂದ 52 ದಿನ ಬೇಕು. ಬಿಸಿಲು ಕಾಲದಲ್ಲಿ ಬೇಗ, ಚಳಿಯಲ್ಲಿ ನಿಧಾನ.

ಗಿಡಕ್ಕೆ ತೊಂದರೆ ಏನು? ದೊಡ್ಡ ಮರ ತಡೆದುಕೊಳ್ಳುತ್ತದೆ. ಸಸಿಗಳಿಗೆ ಕಷ್ಟ, ಅವುಗಳ ಬೆಳವಣಿಗೆ ಕುಂಠಿತವಾಗುತ್ತದೆ. ಹುಳು ಮಾಡಿದ ಗಾಯದಿಂದ ಕಜ್ಜಿ ರೋಗವೂ ಒಳಗೆ ಬರುತ್ತದೆ.

ಎಲೆ ಮುರುಟಿತೆಂದು ಕೆಲವರು ಔಷಧಿ ಹೊಡೆಯುತ್ತಾರೆ. ಬಲಿತ ಎಲೆಗೆ ಹೊಡೆದರೆ ಪ್ರಯೋಜನವಿಲ್ಲ, ಅಷ್ಟರಲ್ಲಿ ಪತಂಗ ಹಾರಿಹೋಗಿರುತ್ತದೆ. ಅಲ್ಲದೆ ಈ ಹುಳುವನ್ನು ತಿಂದು ಬೆಳೆಯುವ ಪುಟ್ಟ ಕಣಜಗಳೂ ವಿಷಕ್ಕೆ ಸಾಯುತ್ತವೆ. ಸಸಿಗೆ ಬೇಕೇಬೇಕಾದರೆ ಚಿಗುರು ಬರುವಾಗಲೇ ಬೇವಿನ ಬೀಜದ ಕಷಾಯ ಸಿಂಪಡಿಸಬೇಕು. ಗೆರೆ ಬಿದ್ದ ಹಳೆ ಎಲೆಗಳನ್ನು ಕೀಳಬೇಡಿ. ಉಳಿದ ಹಸಿರು ಭಾಗ ಗಿಡಕ್ಕೆ ಇನ್ನೂ ಆಹಾರ ತಯಾರಿಸುತ್ತಿರುತ್ತದೆ.

ನೀವೂ ನೋಡಿ: ಗೆರೆಯಿರುವ ಎಳೆ ಎಲೆಯನ್ನು ಗಿಡದಲ್ಲೇ ಬೆಳಕಿಗೆ ಹಿಡಿಯಿರಿ. ಗೆರೆಯ ಸಣ್ಣ ತುದಿ ಮೊಟ್ಟೆ ಇದ್ದ ಜಾಗ. ಅಗಲವಾದ ತುದಿಯಲ್ಲಿ ಹುಳು ಇದೆಯಾ?

– 7ನೇ ತರಗತಿ, ಹುಣಸಮಾರನಹಳ್ಳಿ