ಬಿಡುಗಡೆಯ ಆಜ್ಞೆ, ಬ್ಯಾಂಕ್ ಗ್ಯಾರಂಟಿಯ ಭಾರ

ಅಕ್ರಮ ಮರಳು ಸಾಗಣೆಯ ಆರೋಪದ ಮೇಲೆ ಜಪ್ತಿಯಾದ ಟಿಪ್ಪರನ್ನು ಬಿಡಿಸಿಕೊಳ್ಳಲು ನ್ಯಾಯಾಲಯದ ಆಜ್ಞೆಯನ್ನು ಪಡೆದು, ಆ ಆಜ್ಞೆ ಕೇಳಿದ ಬ್ಯಾಂಕ್ ಗ್ಯಾರಂಟಿಗಾಗಿ ಬರುತ್ತಿದ್ದ ಮಾಲೀಕರನ್ನು, ತುಂಗಭದ್ರೆಯ ದಡದ ತಾಲ್ಲೂಕೊಂದರ ಬ್ಯಾಂಕಿನಲ್ಲಿ ಸಾಲದ ವಿಭಾಗವನ್ನು ನೋಡಿಕೊಳ್ಳುತ್ತಿದ್ದ ಕಾಲದಲ್ಲಿ ನಾನು ಬಹಳವಾಗಿ ಕಂಡಿದ್ದೇನೆ. ಗ್ಯಾರಂಟಿಯೆಂದರೆ ಬರಿಯ ರುಜುವಲ್ಲ. ಆ ಮೊತ್ತದ ಬಹುಭಾಗವನ್ನು ಠೇವಣಿಯಾಗಿ ಇಡಬೇಕು, ಇಲ್ಲವೇ ಆಸ್ತಿಯನ್ನು ಅಡವಿಡಬೇಕು, ಅದರ ಮೇಲೆ ಕಮಿಷನ್ನನ್ನೂ ತೆರಬೇಕು ಎಂದು ವಿವರಿಸಿದೊಡನೆ, ಬಿಡುಗಡೆಯಾಯಿತೆಂಬ ಹರ್ಷದಿಂದ ಬಂದವರು ಕಾಗದವನ್ನು ಮಡಿಚಿಕೊಂಡು ಹಿಂತಿರುಗುತ್ತಿದ್ದರು. ವಾಹನ ಠಾಣೆಯ ಆವರಣದಲ್ಲಿಯೇ ಉಳಿಯುತ್ತಿತ್ತು.

1957ರ ಗಣಿ ಮತ್ತು ಖನಿಜಗಳ ಅಧಿನಿಯಮದ 21ನೆಯ ಪ್ರಕರಣವು, ಅನುಮತಿಯಿಲ್ಲದೆ ಖನಿಜವನ್ನು ತೆಗೆಯಲು ಅಥವಾ ಸಾಗಿಸಲು ಬಳಸಿದ ವಾಹನವನ್ನು ಜಪ್ತಿ ಮಾಡುವ ಅಧಿಕಾರವನ್ನೂ, ನ್ಯಾಯಾಲಯದ ಆಜ್ಞೆಯ ಮೇರೆಗೆ ಮುಟ್ಟುಗೋಲು ಹಾಕಿಕೊಳ್ಳುವ ಅಧಿಕಾರವನ್ನೂ ಕೊಟ್ಟಿದೆ. ಇದು ಉಚಿತವೇ. ನದಿಯ ಪಾತ್ರದ ಮರಳು ಬರಿದಾದಂತೆಲ್ಲ ದಡದ ಬಾವಿಗಳ ನೀರು ಕೆಳಗಿಳಿದುದನ್ನು ಕಣ್ಣಾರೆ ಕಂಡ ನನಗೆ ಈ ಕಾಠಿಣ್ಯದಲ್ಲಿ ತಕರಾರಿಲ್ಲ. ಆದರೆ ಜಪ್ತಿಗೂ ಮುಟ್ಟುಗೋಲಿಗೂ ನಡುವೆ ವಿಚಾರಣೆಯೆಂಬುದೊಂದುಂಟು. ಅಪರಾಧವು ಸಿದ್ಧವಾಗುವ ಮುನ್ನವೇ, ತೆರಲಾರದ ಷರತ್ತಿನ ಮೂಲಕ ವಾಹನವನ್ನು ಕಳೆದುಕೊಳ್ಳುವಂತಾದರೆ, ಅದು ಹೆಸರಿಗೆ ಬಿಡುಗಡೆ, ಪರಿಣಾಮದಲ್ಲಿ ಮುಟ್ಟುಗೋಲು. ಠಾಣೆಗಳಲ್ಲಿ ವಾಹನಗಳನ್ನು ದೀರ್ಘಕಾಲ ಇರಿಸಿಕೊಳ್ಳುವುದರಿಂದ ಪ್ರಯೋಜನವಿಲ್ಲವೆಂದೂ, ಸೂಕ್ತ ಮುಚ್ಚಳಿಕೆ ಮತ್ತು ಭದ್ರತೆಯನ್ನು ಪಡೆದು ಅವನ್ನು ಶೀಘ್ರವಾಗಿ ಬಿಡಬೇಕೆಂದೂ ಸರ್ವೋಚ್ಚ ನ್ಯಾಯಾಲಯವು ಸುಂದರಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ 2002ರಲ್ಲಿಯೇ ಹೇಳಿತು. ಮನುಷ್ಯರ ಜಾಮೀನಿನ ವಿಷಯದಲ್ಲಿಯಂತೂ, ಬಡ ಗಾರೆಯವನೊಬ್ಬನಿಗೆ 10,000 ರೂಪಾಯಿಗಳ ಜಾಮೀನನ್ನು ವಿಧಿಸಿದುದನ್ನು 1978ರಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಅವರು ಒಪ್ಪದೆ, ಅವನ ಸ್ವಂತ ಮುಚ್ಚಳಿಕೆಯ 1,000 ರೂಪಾಯಿಗಳಿಗೆ ಇಳಿಸಿದರು. ಕೊಡಬಲ್ಲ ಶಕ್ತಿಯನ್ನು ನೋಡಿ ಷರತ್ತನ್ನು ವಿಧಿಸಬೇಕೆಂಬ ಆ ತತ್ತ್ವ ಟಿಪ್ಪರಿಗೂ ಸಲ್ಲಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ.

ನನಗೆ ಪರಿಚಿತರಾದ ರೈತರೊಬ್ಬರು, ಬಾಡಿಗೆಗೆ ಕೊಟ್ಟ ತಮ್ಮ ಟಿಪ್ಪರು ಸಿಕ್ಕಿಬಿದ್ದಾಗ, ಷರತ್ತಿನ ಪುನರ್ವಿಮರ್ಶೆಗಾಗಿ ಮೇಲಿನ ನ್ಯಾಯಾಲಯಕ್ಕೆ ಹೋದರು. ವಕೀಲರ ಕೋರಿಕೆಯಂತೆ ನಾನು ಲೆಕ್ಕವೊಂದನ್ನು ಬರೆದುಕೊಟ್ಟೆ: ವಾಹನ ನಿಂತಿದ್ದರೂ ನಿಲ್ಲದ ಸಾಲದ ಕಂತು, ವಿಮೆ, ತೆರಿಗೆ, ಬಿಸಿಲಿಗೆ ಬಿರಿಯುವ ಟಯರು, ಸತ್ತುಹೋಗುವ ಬ್ಯಾಟರಿ, ಒಂದು ಮಳೆಗಾಲಕ್ಕೇ ತುಕ್ಕು ಹಿಡಿಯುವ ತೊಟ್ಟಿ, ಇವೆಲ್ಲದರ ಮೇಲೆ ಗ್ಯಾರಂಟಿಯ ಠೇವಣಿಗಾಗಿ ಹೊರಗೆ ಎತ್ತುವ ಕೈಸಾಲದ ಬಡ್ಡಿ. ಕೊನೆಗೆ ಮುಟ್ಟುಗೋಲಾದರೂ ಸರ್ಕಾರದ ಕೈಗೆ ಬರುವುದು ಹರಾಜಿಗೂ ಯೋಗ್ಯವಲ್ಲದ ಕಬ್ಬಿಣವೆಂಬುದನ್ನೂ ಅದರಲ್ಲಿ ಕಾಣಿಸಿದ್ದೆ. ನ್ಯಾಯಾಲಯವು ಗ್ಯಾರಂಟಿಯನ್ನು ತೆಗೆದುಹಾಕಿ, ಪಹಣಿಯುಳ್ಳ ಜಾಮೀನುದಾರರನ್ನೂ ಮುಚ್ಚಳಿಕೆಯನ್ನೂ ಪಡೆದು, ವಾಹನದ ಛಾಯಾಚಿತ್ರಗಳನ್ನು ಕಡತಕ್ಕೆ ಸೇರಿಸಿ, ಮಾರಬಾರದು, ರೂಪವನ್ನು ಬದಲಿಸಬಾರದು, ಕರೆದಾಗ ಹಾಜರುಪಡಿಸಬೇಕು ಎಂದು ವಿಧಿಸಿತು. ಸರ್ಕಾರದ ಹಕ್ಕಿಗೆ ಇದರಿಂದ ಲೇಶವೂ ಚ್ಯುತಿಯಾಗಲಿಲ್ಲ. ಮತ್ತೆ ಮತ್ತೆ ಸಿಕ್ಕಿಬೀಳುವ ವಾಹನಕ್ಕೆ ಇಂಥ ಕರುಣೆ ಸಲ್ಲದೆಂಬುದನ್ನೂ ಹೇಳಲೇಬೇಕು.

ಅಧಿನಿಯಮದ 23ಎ ಪ್ರಕರಣದಂತೆ ದಂಡ ತೆತ್ತು ರಾಜಿಯಾಗುವ ಮಾರ್ಗವೂ ಇದೆ. ಆದರೆ ಹಾಗೆ ರಾಜಿಯಾದ ಮಾತ್ರಕ್ಕೆ ಆಗಿನ ದಂಡಸಂಹಿತೆಯ ಕಳವಿನ ಮೊಕದ್ದಮೆ ತಾನಾಗಿ ಅಳಿಯುವುದಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2020ರಲ್ಲಿ ತಿಳಿಸಿದೆ. ಆದುದರಿಂದ ದಂಡವನ್ನು ಕಟ್ಟುವ ಮುನ್ನ ಯಾವ ಯಾವ ಕಾಯಿದೆಯ ಅಡಿಯಲ್ಲಿ ಪ್ರಕರಣ ದಾಖಲಾಗಿದೆಯೆಂಬುದನ್ನು ವಕೀಲರಿಂದ ತಿಳಿದುಕೊಳ್ಳತಕ್ಕದ್ದು. ವಾಹನದ ಮೇಲೆ ಸಾಲವಿದ್ದರೆ ಜಪ್ತಿಯ ಸಂಗತಿಯನ್ನು ಸಾಲ ಕೊಟ್ಟವರಿಗೆ ಬರಹದಲ್ಲಿ ತಿಳಿಸಿ ಕಂತಿನ ಅವಧಿಯನ್ನು ವಿಸ್ತರಿಸುವಂತೆ ಕೇಳಬೇಕು, ವಿಮೆಯನ್ನು ತಪ್ಪಿಸಕೂಡದು. ಬಿಡುಗಡೆಯ ಆಜ್ಞೆಯಲ್ಲಿ ತೆರಲಾಗದ ಮೊತ್ತ ಕಂಡುಬಂದರೆ, ಬಡ್ಡಿಗೆ ಹಣ ಎತ್ತುವ ಮೊದಲು, ಕಂತಿನ ಪುಸ್ತಕವನ್ನೂ ಪಹಣಿಯನ್ನೂ ಲಗತ್ತಿಸಿ ಷರತ್ತಿನ ಮಾರ್ಪಾಟಿಗೆ ಅರ್ಜಿಯನ್ನು ಹಾಕಬೇಕು.