ಯಾರು ಮಾಡಿಸಿದ್ದು ಎಂದು ಕೇಳುವ ಮುನ್ನ

ಕಲಬುರಗಿಯ ಸೇಡಂ ರಸ್ತೆಯಲ್ಲಿ ಆಸ್ಪತ್ರೆಗಳಿಗೆ ಬರವಿಲ್ಲ. ಬಸವೇಶ್ವರ, ಜಿಮ್ಸ್, ಇಎಸ್‌ಐ ಎಲ್ಲವೂ ಇದೇ ರಸ್ತೆಯಲ್ಲಿವೆ. ಇಲ್ಲಿಯೇ ಒಂದು ಕಡೆ ಮನೋವೈದ್ಯನಾಗಿ ಇಪ್ಪತ್ತು ವರ್ಷಕ್ಕೂ ಹೆಚ್ಚು ಕೂತಿದ್ದೇನೆ. ಹಳ್ಳಿಯಿಂದ ಬಂದವರಲ್ಲಿ ಎಷ್ಟೋ ಮಂದಿ ಕುರ್ಚಿಯಲ್ಲಿ ಕೂರುವ ಮೊದಲೇ ಹೇಳುವ ಮಾತು ಒಂದೇ: "ಭಾನಾಮತಿ ಮಾಡ್ಸ್ಯಾರ್ರಿ."

ಮನೆಯ ಮೇಲೆ ಕಲ್ಲು ಬೀಳುತ್ತದೆ, ಪೆಟ್ಟಿಗೆಯಲ್ಲಿಟ್ಟ ಸೀರೆ ತಾನಾಗಿ ಹೊತ್ತಿಕೊಳ್ಳುತ್ತದೆ, ಅನ್ನದಲ್ಲಿ ಹೊಲಸು ಸಿಗುತ್ತದೆ, ಹೆಣ್ಣುಮಗಳು ನಾಯಿಯಂತೆ ಬೊಗಳುತ್ತಾಳೆ, ಎಚ್ಚರಾದಾಗ ಅವಳಿಗೆ ಏನೂ ನೆನಪಿರುವುದಿಲ್ಲ. ಕಲಬುರಗಿ, ಬೀದರ್, ಗಡಿಯಾಚೆಯ ತೆಲಂಗಾಣದ ಜನ ಇದನ್ನೆಲ್ಲ ಸೇರಿಸಿ ಭಾನಾಮತಿ ಎನ್ನುತ್ತಾರೆ. ಅಂಥ ಶಕ್ತಿ ಇಲ್ಲ. ಆದರೆ ಅದರ ಹೆಸರು ಹೊಕ್ಕ ಮನೆಯಲ್ಲಿ ಮನಸ್ಸು, ನೆನಪು ಏನಾಗುತ್ತವೆ ಎಂಬುದನ್ನು ಹತ್ತಿರದಿಂದ ಕಂಡಿದ್ದೇನೆ. ಈ ಕೆಲಸಕ್ಕೆ ಹೊಸದಾಗಿ ಬರುವವರಿಗೆ ನಾನು ಹೇಳುವುದು ಇಷ್ಟು.

1. ಮೊದಲು ಮೈ ಮುಟ್ಟಿ ನೋಡಿ

ಕೆಲಸಕ್ಕೆ ಸೇರಿದ ಹೊಸತರಲ್ಲಿ ಹತ್ತೊಂಬತ್ತು ವರ್ಷದ ಹುಡುಗಿಯೊಬ್ಬಳನ್ನು ಕರೆತಂದರು. ನಾಲ್ಕು ದಿನದಿಂದ ನಿದ್ದೆಯಿಲ್ಲ, ಬೇರೆಯವರ ದನಿಯಲ್ಲಿ ಮಾತು, ತಾಯಿಯ ಗುರುತೂ ಇಲ್ಲ. ಮದುವೆ ಮಾತುಕತೆ ನಡೆದಿತ್ತು ಎಂದು ಕೇಳಿದ್ದೇ ತಡ, ಮನಸ್ಸಿನ ಒತ್ತಡ ಎಂದು ಬರೆದೆ. ಜ್ವರ ಸಣ್ಣದಿತ್ತು, ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಮೂರನೇ ದಿನ ಫಿಟ್ಸ್ ಬಂತು. ಅದು ಮಿದುಳಿನ ಉರಿಯೂತ. ಬದುಕಿದಳು, ಆದರೆ ಆ ಎರಡು ತಿಂಗಳು ಅವಳ ನೆನಪಿನಲ್ಲಿ ಇಂದಿಗೂ ಇಲ್ಲ.

ದೇಹದ ರೋಗನಿರೋಧಕ ಶಕ್ತಿಯೇ ಮಿದುಳಿನ ಮೇಲೆ ತಿರುಗಿಬೀಳುವ ಒಂದು ಕಾಯಿಲೆಯನ್ನು 2007ರಲ್ಲಿ ವೈದ್ಯರು ಗುರುತಿಸಿದರು. ಎಳೆಯ ಹೆಣ್ಣುಮಕ್ಕಳಲ್ಲೇ ಅದು ಹೆಚ್ಚು, ಶುರುವಾಗುವುದು ಥೇಟ್ ದೆವ್ವ ಹಿಡಿದ ಹಾಗೆ. ಮೂರ್ಛೆರೋಗ, ಸಕ್ಕರೆ ಇಳಿಯುವುದು, ಹೆರಿಗೆಯ ನಂತರದ ಮನೋವಿಕಾರ, ಇವೂ ಹಾಗೇ ಕಾಣಬಹುದು. ಆ ಹುಡುಗಿಗೆ ದೆವ್ವ ಎಂದು ಮಂತ್ರವಾದಿ ಹೇಳಿದ್ದ, ನಾನು ಒತ್ತಡ ಎಂದೆ. ಇಬ್ಬರೂ ಅವಳ ಮೈ ನೋಡಲಿಲ್ಲ.

2. ಮರೆತೆ ಎಂದರೆ ನಂಬಿ

"ನಾಟಕ ಮಾಡ್ತಾಳ್ರಿ" ಎಂದು ಗಂಡನ ಮನೆಯವರು ಹೇಳುತ್ತಾರೆ. ನಾಟಕವಲ್ಲ. ಹೇಳಲಾಗದ ಸಂಕಟ ಮಿತಿ ಮೀರಿದಾಗ ಮನಸ್ಸು ತನ್ನ ಒಂದು ಭಾಗವನ್ನು ಬೇರೆ ಮಾಡಿ ಇಡುತ್ತದೆ. ಆ ಭಾಗ ಮಾತಾಡಿದ್ದು ಉಳಿದ ಭಾಗಕ್ಕೆ ಗೊತ್ತಿರುವುದಿಲ್ಲ. ಅತ್ತೆಯ ಮುಂದೆ ತಲೆ ಎತ್ತದ ಸೊಸೆ, ಮೈಮೇಲೆ ಬಂದಾಗ ಅದೇ ಅತ್ತೆಯನ್ನು ಏಕವಚನದಲ್ಲಿ ಬಯ್ಯುತ್ತಾಳೆ. ಬಯ್ದದ್ದರಲ್ಲಿ ನಿಜ ಇರುತ್ತದೆ, ಬಯ್ದದ್ದು ಅವಳಿಗೆ ನೆನಪಿರುವುದಿಲ್ಲ. ನಿಮ್ಹಾನ್ಸ್‌ನ ಡಾ. ಸಿ. ಆರ್. ಚಂದ್ರಶೇಖರ್ ಮೈಮೇಲೆ ಬರುವುದನ್ನು ಅಧ್ಯಯನ ಮಾಡಿ, ಮನೋರೋಗಗಳನ್ನು ಕನ್ನಡದಲ್ಲಿ ಜನರಿಗೆ ತಿಳಿಸಿದವರು. ನಾವೆಲ್ಲ ನಡೆದದ್ದು ಅಂಥವರು ಹಾಕಿಕೊಟ್ಟ ದಾರಿಯಲ್ಲಿ.

ಮೈಮೇಲೆ ಬರುವುದೆಲ್ಲ ರೋಗ ಎಂದೂ ತಿಳಿಯಬೇಡಿ. ಜಾತ್ರೆಯಲ್ಲಿ ಬಂದು ಹೋಗಿ, ಮರುದಿನ ತೊಗರಿ ಹೊಲದಲ್ಲಿ ಎಂದಿನಂತೆ ಕೆಲಸ ಮಾಡುವವಳಿಗೆ ನನ್ನ ಮಾತ್ರೆ ಬೇಡ.

3. "ಯಾರು?" ಎಂದು ಕೇಳಬೇಡಿ

ನನಗೆ ಇದು ತಿಳಿಯಲು ಬಹಳ ವರ್ಷ ಬೇಕಾಯಿತು.

ಕಮಲಾಪುರದ ಕಡೆಯ ಒಬ್ಬ ಮಗಳು. ಮೊದಲ ಸಲ ಬಂದಾಗ ಹೇಳಿದ್ದು: "ಸಂಜಿಕ ತಲಿ ನೋವು ಬಂತ್ರಿ, ಬಿದ್ದೆ, ಮುಂದಿಂದು ಗೊತ್ತಿಲ್ರಿ." ಅಷ್ಟೇ. ಎರಡು ವಾರದ ನಂತರ ಅದೇ ಸಂಜೆಯಲ್ಲಿ ಹೆಂಗಸೊಬ್ಬಳು ಸೇರಿಕೊಂಡಿದ್ದಳು, ಬಾವಿಯ ಹತ್ತಿರ ನಿಂತು ನೋಡಿದ್ದಳಂತೆ. ತಿಂಗಳ ಹೊತ್ತಿಗೆ ಆ ಹೆಂಗಸಿನ ಕೈಯಲ್ಲಿ ಕುಂಕುಮ ಹಚ್ಚಿದ ನಿಂಬೆಹಣ್ಣಿತ್ತು, ಸೀರೆಗೆ ಹಸಿರು ಬಣ್ಣ ಬಂದಿತ್ತು, ಅವಳಿಗೊಂದು ಹೆಸರೂ ಇತ್ತು. ಹುಡುಗಿಯ ಸ್ವಂತ ದೊಡ್ಡವ್ವ. ಗಂಡನಿಲ್ಲ, ಪಾಲಿನ ಹೊಲದ ಜಗಳವಿತ್ತು.

ನಡುವೆ ಏನಾಗಿತ್ತು? ಮನೆಯವರು ಒಬ್ಬ ಮಂತ್ರವಾದಿಯ ಬಳಿ ಹೋಗಿದ್ದರು. ಅವನು ಕೇಳಿದ್ದ: ಹೆಂಗಸೇನು? ಒಳಗಿನವಳೇನು? ಗಂಡ ಇಲ್ಲದವಳೇನು? ಒಂದೊಂದು ಪ್ರಶ್ನೆಯೂ ಖಾಲಿಯಿದ್ದ ಜಾಗದಲ್ಲಿ ಒಂದೊಂದು ಚಿತ್ರ ಇಟ್ಟಿತು. ನೋವಿನ ಸಂಗತಿ ಎಂದರೆ ನಾನೂ ಎರಡನೇ ಭೇಟಿಯಲ್ಲಿ ಕೇಳಿದ್ದೆ: "ಅಲ್ಲಿ ಯಾರಾದರೂ ಇದ್ದರಾ?" ನನ್ನ ಕೈಬರಹದಲ್ಲೇ ಅದು ಕಡತದಲ್ಲಿದೆ.

ಅಮೆರಿಕದ ಮನಶ್ಶಾಸ್ತ್ರಜ್ಞೆ ಎಲಿಜಬೆತ್ ಲಾಫ್ಟಸ್ 1974ರಲ್ಲಿ ತೋರಿಸಿದ್ದರು. ಕಾರು ಡಿಕ್ಕಿಯ ಚಿತ್ರ ನೋಡಿದವರಿಗೆ ಪ್ರಶ್ನೆಯಲ್ಲಿ ಬಿರುಸಾದ ಒಂದು ಕ್ರಿಯಾಪದ ಬಳಸಿದರೆ ಸಾಕು, ಇಲ್ಲದ ಒಡೆದ ಗಾಜನ್ನೂ ಕಂಡೆವು ಎನ್ನುವವರು ಹೆಚ್ಚುತ್ತಿದ್ದರು. ಅಲ್ಲಿ ಗಾಜು, ಇಲ್ಲಿ ದೊಡ್ಡವ್ವ. ಪಕ್ಕದ ಮೇದಕ್ ಸೀಮೆಯಲ್ಲಿ ಹೀಗೆ ಹೆಸರು ಹೊತ್ತವರು ಮಂತ್ರ ಉಚ್ಚರಿಸಬಾರದೆಂದು ಅವರ ಹಲ್ಲು ಕಿತ್ತಿದ್ದಾರೆ, ಕೊಂದದ್ದೂ ಇದೆ. ಹುಡುಗಿ ಸುಳ್ಳು ಹೇಳುತ್ತಿರಲಿಲ್ಲ, ಅವಳಿಗೆ ಅದು ಕಂಡದ್ದೇ ಆಗಿತ್ತು.

ಈಗ ನಾನು ಕೇಳುವುದು ಒಂದೇ: "ಆಮ್ಯಾಲ?" ಮೊದಲ ದಿನ ಹೇಳಿದ್ದನ್ನು ಹೇಳಿದ ಮಾತಿನಲ್ಲೇ ಬರೆದಿಡುತ್ತೇನೆ.

4. ಕಲ್ಲು ಎಸೆದವರನ್ನು ಬಯಲಿಗೆಳೆಯಬೇಡಿ

ಗ್ಲಿಸರಿನ್ ಮತ್ತು ಪೊಟ್ಯಾಸಿಯಂ ಪರ್ಮ್ಯಾಂಗನೇಟ್ ಸೇರಿದರೆ ಕಡ್ಡಿ ಗೀರದೆ ಬೆಂಕಿ ಹತ್ತುತ್ತದೆ. ಹುಲಿಕಲ್ ನಟರಾಜ್ ಅವರಂಥವರು ಪವಾಡಗಳ ಗುಟ್ಟನ್ನು ಊರೂರಲ್ಲಿ ತೋರಿಸಿದ್ದಾರೆ. ಅದಕ್ಕೂ ಮೊದಲು, 1976ರಲ್ಲಿ, ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಚ್. ನರಸಿಂಹಯ್ಯ ಪವಾಡಗಳ ಪರೀಕ್ಷೆಗೆ ಸಮಿತಿಯನ್ನೇ ಮಾಡಿದ್ದರು. ಅದು ಆಗಲೇಬೇಕಾದ ಕೆಲಸ. ಆದರೆ ಒಂದು ಮನೆಯೊಳಗೆ ಕಲ್ಲು ಎಸೆಯುತ್ತಿದ್ದ ಕೈ ಹದಿಮೂರರ ಮಗುವಿನದೆಂದು ತಿಳಿದಾಗ ಊರ ಮುಂದೆ ಹೇಳಬೇಡಿ. ಆ ಮಗುವಿಗೆ ಏನು ಆಗುತ್ತಿದೆ ಎಂದು ಒಂಟಿಯಾಗಿ ಕೂರಿಸಿ ಕೇಳಿ. ಕೆಲವು ಸಲ ಬಂದ ಉತ್ತರ ಕೇಳಿ ನಾನು ರಾತ್ರಿ ನಿದ್ದೆ ಮಾಡಿಲ್ಲ.

5. ಗುಡಿ, ದರ್ಗಾ ಬಿಡಿಸಬೇಡಿ, ಸರಪಳಿ ಬಿಡಿಸಿ

ಗಾಣಗಾಪುರದಲ್ಲಿ ದತ್ತಾತ್ರೇಯನ ಮಧ್ಯಾಹ್ನದ ಮಂಗಳಾರತಿಯ ಹೊತ್ತಿಗೆ ಕಂಬ ಹಿಡಿದು ಚೀರುವವರನ್ನು ನೋಡಿದ್ದೇನೆ. ಅಲ್ಲಿ ಯಾರೂ ಅವರನ್ನು ಹುಚ್ಚರೆನ್ನುವುದಿಲ್ಲ, ಅದೂ ಒಂದು ಸಮಾಧಾನ. ಹೋಗಿ ಬನ್ನಿ, ಮಾತ್ರೆಯನ್ನೂ ತಪ್ಪಿಸಬೇಡಿ ಎನ್ನುತ್ತೇನೆ. ಹೊಡೆತ, ಮೆಣಸಿನಕಾಯಿ ಹೊಗೆ, ಕಟ್ಟಿಹಾಕುವುದು ಮಾತ್ರ ಬೇರೆ ಮಾತು. 2001ರ ಆಗಸ್ಟ್ 6ರಂದು ತಮಿಳುನಾಡಿನ ಏರ್ವಾಡಿಯಲ್ಲಿ ಬೆಂಕಿ ಬಿದ್ದಾಗ ಸರಪಳಿಯಲ್ಲಿದ್ದ 28 ಮನೋರೋಗಿಗಳು ಓಡಲಾಗದೆ ಸತ್ತರು. ದೆವ್ವ ಬಿಡಿಸುವ ಹೆಸರಿನ ಹಿಂಸೆ ನಮ್ಮ ರಾಜ್ಯದ 2017ರ ವಾಮಾಚಾರ ತಡೆ ಕಾಯ್ದೆಯಲ್ಲಿ ಅಪರಾಧ.

6. ಗುಂಪು ಚದುರಿಸಿ

ಹಾಸ್ಟೆಲಿನಲ್ಲಿ ಒಬ್ಬಳು ಬಿದ್ದರೆ ಸಂಜೆಗೆ ಆರು ಜನ. ಬೇರೆ ಬೇರೆ ಕೋಣೆ, ಊಟ, ನಿದ್ದೆ. ಮೊಬೈಲಿನಲ್ಲಿ ವಿಡಿಯೊ ತೆಗೆಯುವವರನ್ನು ಮೊದಲು ಹೊರಗೆ ಕಳಿಸಿ.

7. ಗುಣವಾದ ಮೇಲೂ ಬರಹೇಳಿ

ಬಸ್ಸಿನ ಖರ್ಚಿಲ್ಲದವರಿಗೆ 14416 ಟೆಲಿ ಮಾನಸ್ ಸಹಾಯವಾಣಿ ಸಂಖ್ಯೆ ಬರೆದುಕೊಡಿ, ಕನ್ನಡದಲ್ಲೇ ಮಾತಾಡುತ್ತಾರೆ.

ಕಮಲಾಪುರದ ಆ ಮಗಳು ಈಗ ಚೆನ್ನಾಗಿದ್ದಾಳೆ. ಬೀಳುವುದು ನಿಂತು ನಾಲ್ಕು ವರ್ಷವಾಯಿತು. ಕಳೆದ ಸಲ ತಮ್ಮೂರ ಕೆಂಪು ಬಾಳೆ ತಂದಿದ್ದಳು. ದೊಡ್ಡವ್ವ ಊರು ಬಿಟ್ಟು ಮಗಳ ಮನೆ ಸೇರಿದ್ದಾಳೆ, ಮತ್ತೆ ಬಂದಿಲ್ಲ. ಏಳುವ ಮೊದಲು ಹುಡುಗಿ ತಲೆ ತಗ್ಗಿಸಿ ಹೇಳಿದಳು: "ದೊಡ್ಡವ್ವ ಏನೂ ಮಾಡಿಲ್ಲಂತ ನನಗ ಗೊತ್ತದ್ರಿ ಡಾಕ್ಟ್ರೇ. ಆದ್ರ ಆ ಹಸರ ಸೀರಿ, ನಿಂಬಿಹಣ್ಣು ಇನ್ನಾ ಕಣ್ಣಿಗಿ ಕಟ್ಟಿದಂಗ ಅದ."